ಮೆಟ್ಟಿಲಿನ ಕೆಳಗೆ ಡ್ರಮ್ಮು, ಮೇಲೆ ಮೈಕು: ಪ್ರತಿಭಟನೆಯ ಹಾಡೊಂದನ್ನು ಬಿಚ್ಚಿ ಕಟ್ಟಿದ ಬಗೆ

ಅಮೆರಿಕದ ರಾಕ್ ತಂಡ ‘ಎ ಪರ್ಫೆಕ್ಟ್ ಸರ್ಕಲ್’ ತನ್ನ ‘ಇಮೋಟಿವ್’ ಆಲ್ಬಮ್ಮನ್ನು 2004ರ ನವೆಂಬರ್ 2ರಂದು ಅಲ್ಲಿನ ಅಂಗಡಿಗಳಿಗೆ ಬಿಟ್ಟಿತು. ಅದು ಅಧ್ಯಕ್ಷೀಯ ಚುನಾವಣೆಯ ಮತದಾನದ ದಿನ. ಇರಾಕ್ ಯುದ್ಧ ಶುರುವಾಗಿ ಒಂದೂವರೆ ವರ್ಷ ದಾಟಿತ್ತು. ಆಲ್ಬಮ್ಮಿನಲ್ಲಿ 12 ಹಾಡುಗಳು. ಅವುಗಳಲ್ಲಿ 10 ಬೇರೆಯವರವು. ಜಾನ್ ಲೆನನ್, ಮಾರ್ವಿನ್ ಗೇ, ಜೋನಿ ಮಿಚೆಲ್, ಡೆಪೆಷ್ ಮೋಡ್, ಡೀವೊ, ಬ್ಲ್ಯಾಕ್ ಫ್ಲ್ಯಾಗ್ ಎಲ್ಲರೂ ಒಂದೇ ಸೂರಿನಡಿ ಸೇರಿದ್ದಾರೆ. ಹಾಡುಗಳ ಗುರುತೇ ಸಿಗದಷ್ಟು ಬದಲಾವಣೆ ಆಗಿದೆ.

ನಮ್ಮದು ಮೈಸೂರಿನ ನಾಲ್ಕು ಜನರ ತಂಡ. ನಾನು ಗಿಟಾರ್ ನುಡಿಸುತ್ತೇನೆ, ಧ್ವನಿಮುದ್ರಣವೂ ನನ್ನದೇ ಪಾಲು. ತಂಗಿ ಬೇಸ್ ನುಡಿಸುತ್ತಾಳೆ. ಡ್ರಮ್ಮರ್ ಹಗಲಲ್ಲಿ ಬ್ಯಾಂಕಿನಲ್ಲಿರುತ್ತಾನೆ, ಗಾಯಕಿ ಕಾಲೇಜೊಂದರಲ್ಲಿ ಪಾಠ ಮಾಡುತ್ತಾರೆ. ‘ಇಮೋಟಿವ್’ ಅನ್ನು ಕೇಳಿ ಮೆಚ್ಚುವುದರ ಬದಲು ಅದನ್ನೇ ಪಠ್ಯಪುಸ್ತಕದಂತೆ ಇಟ್ಟುಕೊಂಡು, ಅದರಲ್ಲಿರುವ ಒಂದು ಹಾಡನ್ನು ನಾವೇ ಮತ್ತೊಮ್ಮೆ ಕಟ್ಟಿದರೆ ಹೇಗೆ ಎಂಬ ಆಲೋಚನೆ ಬಂತು. ಸ್ಟುಡಿಯೋ ಬಾಡಿಗೆಗೆ ಹಣವಿಲ್ಲ. ಇದ್ದದ್ದು ಮೈಕಿನ ಸದ್ದನ್ನು ಲ್ಯಾಪ್‌ಟಾಪಿಗೆ ದಾಟಿಸುವ ಎರಡು ಚಾನೆಲ್ಲಿನ ಆಡಿಯೋ ಇಂಟರ್‌ಫೇಸ್, ಸೂಕ್ಷ್ಮ ಸದ್ದನ್ನೂ ಹಿಡಿಯುವ ಒಂದು ಜೊತೆ ಕಂಡೆನ್ಸರ್ ಮೈಕು, ಹತ್ತಿರದ ಸದ್ದಿಗೆ ಒಂದು ಡೈನಮಿಕ್ ಮೈಕು, ಧ್ವನಿಮುದ್ರಣದ ರೀಪರ್ ತಂತ್ರಾಂಶ ಹಾಕಿದ ಲ್ಯಾಪ್‌ಟಾಪ್. ಜೊತೆಗೆ ನಮ್ಮ ಮನೆಯ ಮೆಟ್ಟಿಲು.

ಮೊದಲು ಕೈ ಪಳಗಿಸಿಕೊಂಡದ್ದು

ಆ ಆಲ್ಬಮ್ಮಿನಲ್ಲಿ ಎಲ್ಲರ ಬಾಯಲ್ಲಿರುವುದು ಲೆನನ್‌ನ ‘ಇಮ್ಯಾಜಿನ್’. ಮೂಲ ಹಾಡು ಮೇಜರ್ ಸ್ಕೇಲಿನಲ್ಲಿದೆ. ಈ ತಂಡ ಅದನ್ನು ಮೈನರಿಗೆ ತಂದಿತು. ನಮ್ಮ ಕಡೆಯ ಲೆಕ್ಕದಲ್ಲಿ ಹೇಳುವುದಾದರೆ 29ನೆಯ ಮೇಳ ಶಂಕರಾಭರಣದಿಂದ 20ನೆಯ ಮೇಳ ನಠಭೈರವಿಗೆ ಇಳಿದ ಹಾಗೆ. ಷಡ್ಜ, ರಿಷಭ, ಮಧ್ಯಮ, ಪಂಚಮ ನಾಲ್ಕೂ ಇದ್ದಲ್ಲಿಯೇ ಇರುತ್ತವೆ. ಗಾಂಧಾರ, ಧೈವತ, ನಿಷಾದ ಮೂರು ಮಾತ್ರ ಅರ್ಧ ಮನೆ ಕೆಳಗಿಳಿಯುತ್ತವೆ. ಕೀಬೋರ್ಡಿನಲ್ಲಿ ಸಿ ಶ್ರುತಿಯಲ್ಲಿ ಕೂತು ಮಾಡಿ ನೋಡಿದರೆ ಐದು ನಿಮಿಷದ ಕೆಲಸ.

ಕೆಲಸ ಸಲೀಸು ಎನ್ನುವುದೇ ಅದರ ಅಪಾಯ. ಐದನೆಯ ಸ್ವರದ ಮೇಲಿನ ಕಾರ್ಡ್ (ಒಟ್ಟಿಗೆ ನುಡಿಸುವ ಸ್ವರಗಳ ಗುಚ್ಛ) ಬಂದಾಗ ನಿಷಾದವನ್ನು ಇಳಿಸಬೇಕೇ, ಮೇಲೆಯೇ ಬಿಡಬೇಕೇ ಎಂಬ ಪ್ರಶ್ನೆ ಎದ್ದಿತು. ಮೇಲೆ ಬಿಟ್ಟರೆ ಕೀರವಾಣಿ. ಅದು ಬಂದ ಕೂಡಲೇ ಇಡೀ ಹಾಡು ಹಳೆಯ ಸಿನಿಮಾದ ವಿರಹಗೀತೆಯಾಗಿ ಕರಗಿಬಿಟ್ಟಿತು. ಕೇಳುವವರಿಗೆ ಅಳು ಬರಬೇಕು ಎಂದು ಹಾಡೇ ಬೇಡಿಕೊಳ್ಳುತ್ತಿರುವಂತೆ ಕಾಣುತ್ತಿತ್ತು. ನಿಷಾದ ಇಳಿಸಿದರೆ ಆ ಸೆಳೆತ ಇಲ್ಲವಾಗುತ್ತದೆ, ಕಾರ್ಡ್ ಎಲ್ಲಿಗೂ ಹೋಗದೆ ನಿಂತುಬಿಡುತ್ತದೆ. ಸಮಾಧಾನ ಸಿಗುವುದಿಲ್ಲ. ನಮಗೆ ಬೇಕಿದ್ದುದು ಅದೇ. ಎಲ್ಲರೂ ಕೈ ಹಿಡಿದುಕೊಂಡು ತೂಗುತ್ತಾ ಹಾಡುವ ಹಾಡಿನ ಮಾತುಗಳು ಹೀಗೆ ಸಮಾಧಾನ ತಪ್ಪಿದಾಗ ಮಾತ್ರ ಮತ್ತೆ ಕಿವಿಗೆ ಬೀಳುತ್ತವೆ. ಆಸ್ತಿಯಿಲ್ಲದ, ಗಡಿಯಿಲ್ಲದ ಲೋಕವನ್ನು ಊಹಿಸಿಕೊಳ್ಳಿ ಎಂಬ ಕೋರಿಕೆ ಮೇಜರಿನಲ್ಲಿ ಶುಭಾಶಯ ಪತ್ರದಂತೆ ಕೇಳುತ್ತದೆ. ಮೈನರಿನಲ್ಲಿ ಅದು ಆಗದ ಕೆಲಸದ ಪಟ್ಟಿ.

ಆದರೂ ಮೈನರ್ ಮಾಡಿದ ಮಾತ್ರಕ್ಕೆ ಹಾಡಿಗೆ ಗಾಂಭೀರ್ಯ ಬಂದೀತು ಎನ್ನುವವರ ಜೊತೆ ನನಗೆ ತಕರಾರಿದೆ. ಅದೇ ಆಲ್ಬಮ್ಮಿನಲ್ಲಿ ಡೆಪೆಷ್ ಮೋಡ್ ತಂಡದ ‘ಪೀಪಲ್ ಆರ್ ಪೀಪಲ್’ ನಿಧಾನವಾಗಿ, ಕಪ್ಪಾಗಿ ಬರುತ್ತದೆ. ನನಗೆ ಅದು ರುಚಿಸಲಿಲ್ಲ. ಮೂಲದಲ್ಲಿ ಕಬ್ಬಿಣ ಬಡಿದಂತಹ ಕುಣಿತದ ತಾಳದ ಮೇಲೆ, ಮನುಷ್ಯ ಮನುಷ್ಯನನ್ನು ಏಕೆ ದ್ವೇಷಿಸುತ್ತಾನೆ ಎಂಬ ಬಾಲಿಶವೆನ್ನಬಹುದಾದ ಪ್ರಶ್ನೆ ಇತ್ತು. ಆ ಎರಡರ ಜಗಳವೇ ಹಾಡಿನ ಜೀವ. ತಾಳ ತೆಗೆದರೆ ಬಾಲಿಶತನ ಒಂದೇ ಉಳಿಯುತ್ತದೆ. ಇದಕ್ಕೆ ಎದುರಾಗಿ ‘ಅನಿಹಿಲೇಶನ್’ ನೋಡಿ: ಕ್ರೂಸಿಫಿಕ್ಸ್ ಎಂಬ ಹಾರ್ಡ್‌ಕೋರ್ ಪಂಕ್ ತಂಡ ಕಿರುಚಿ ಹಾಡಿದ್ದನ್ನು ಇವರು ಪಿಸುಗುಟ್ಟಿ ಹಾಡಿದ್ದಾರೆ. ಕಿರುಚಿದಾಗ ಕೇಳದಿದ್ದ ಪದಗಳು ಪಿಸುಮಾತಿನಲ್ಲಿ ಒಂದೊಂದಾಗಿ ಕೇಳುತ್ತವೆ. ಜೋನಿ ಮಿಚೆಲ್ 1969ರಲ್ಲಿ ಒಬ್ಬರೇ ವಾದ್ಯವಿಲ್ಲದೆ ಹಾಡಿದ್ದ ‘ದ ಫಿಡಲ್ ಅಂಡ್ ದ ಡ್ರಮ್’ ಕೊನೆಯಲ್ಲಿದೆ. ಅದಕ್ಕೆ ಇವರೂ ವಾದ್ಯ ಸೇರಿಸಿಲ್ಲ. ದನಿಯ ಮೇಲೆ ದನಿ ಪೇರಿಸಿದ್ದಾರೆ, ಅಷ್ಟೇ.

ಇದೇ ಕೆಲಸವನ್ನು ಬೇರೆ ತಂಡಗಳು ಬೇರೆ ದಾರಿಯಲ್ಲಿ ಮಾಡಿವೆ. ‘ರೇಜ್ ಅಗೇನ್‌ಸ್ಟ್ ದ ಮಷೀನ್’ 1997ರಲ್ಲಿ ಬ್ರೂಸ್ ಸ್ಪ್ರಿಂಗ್‌ಸ್ಟೀನ್‌ನ ತಗ್ಗಿದ ದನಿಯ ಅಕೌಸ್ಟಿಕ್ ಹಾಡು ‘ದ ಘೋಸ್ಟ್ ಆಫ್ ಟಾಮ್ ಜೋಡ್’ ಅನ್ನು ತೆಗೆದುಕೊಂಡು ಭಾರೀ ಗಿಟಾರಿನ ರಿಫ್ (ಮತ್ತೆ ಮತ್ತೆ ಬರುವ ಸ್ವರದ ತುಣುಕು) ಮೇಲೆ ಕೂರಿಸಿತು; 2000ದ ‘ರೆನೆಗೇಡ್ಸ್’ ಆಲ್ಬಮ್ಮಿನಲ್ಲೂ ಅದು ಇದೆ. ಇಂಗ್ಲೆಂಡಿನ ‘ದ ಸ್ಪೆಷಲ್ಸ್’ 2021ರಲ್ಲಿ ‘ಪ್ರೊಟೆಸ್ಟ್ ಸಾಂಗ್ಸ್ 1924–2012’ ತಂದಾಗ ತಮ್ಮ ಗುರುತಾದ, ಜಮೈಕಾ ಮೂಲದ ಕುಣಿತದ ಸ್ಕಾ ತಾಳವನ್ನೇ ಬಹುಪಾಲು ಬದಿಗಿಟ್ಟಿತು. ಒಬ್ಬರು ಸೇರಿಸಿದರು, ಇನ್ನೊಬ್ಬರು ಕಳೆದರು. ನಮ್ಮ ತಂಡದಲ್ಲಿ ಕಳೆಯುವವರ ಪಕ್ಷಕ್ಕೆ ಮೂರು ಮತ ಬಂತು. ಡ್ರಮ್ಮರ್ ವಿರೋಧಿಸಿದ.

ಹಾಡಿನ ಆಯ್ಕೆ

ಆಯ್ದುಕೊಂಡದ್ದು ‘ವೆನ್ ದ ಲೆವಿ ಬ್ರೇಕ್ಸ್’, ಅಂದರೆ ‘ನದಿಯ ಏರಿ ಒಡೆದಾಗ’. ಕನ್ಸಾಸ್ ಜೋ ಮೆಕಾಯ್ ಮತ್ತು ಮೆಂಫಿಸ್ ಮಿನಿ ದಂಪತಿ 1929ರಲ್ಲಿ ಕೊಲಂಬಿಯಾ ಕಂಪನಿಗಾಗಿ ಧ್ವನಿಮುದ್ರಿಸಿದ ಬ್ಲೂಸ್, ಅಮೆರಿಕದ ಕಪ್ಪು ಜನರ ನಡುವೆ ಹುಟ್ಟಿದ ಹಾಡಿನ ಬಗೆ. ಹಾಡಿದ್ದು ಜೋ, ಗಿಟಾರಿನ ಚುರುಕು ಬೆರಳು ಮಿನಿಯದು. ಮಿನಿಯ ನಿಜವಾದ ಹೆಸರು ಲಿಜ್ಜಿ ಡಗ್ಲಸ್.

1927ರ ವಸಂತದಲ್ಲಿ ಮಿಸಿಸಿಪ್ಪಿ ನದಿ ಉಕ್ಕಿತು. ಏಪ್ರಿಲ್ 21ರಂದು ಗ್ರೀನ್‌ವಿಲ್ ಊರಿನ ಉತ್ತರಕ್ಕಿರುವ ಮೌಂಡ್ಸ್ ಲ್ಯಾಂಡಿಂಗ್‌ನಲ್ಲಿ ನದಿಯ ಏರಿ ಒಡೆಯಿತು. ಆ ವರ್ಷದ ಪ್ರವಾಹದಲ್ಲಿ ಒಟ್ಟು ಸುಮಾರು 70,000 ಚದರ ಕಿಲೋಮೀಟರ್ ನೆಲ ನೀರಿನಡಿ ಹೋಯಿತು, ಆರು ಲಕ್ಷಕ್ಕೂ ಹೆಚ್ಚು ಜನ ಮನೆ ಬಿಟ್ಟರು. ಏರಿಯ ಮೇಲೆ ಮರಳಿನ ಮೂಟೆ ಪೇರಿಸಿದವರು ಹೆಚ್ಚಾಗಿ ಕಪ್ಪು ಜನಾಂಗದ ಕೂಲಿಕಾರರು, ಎಷ್ಟೋ ಕಡೆ ಬಂದೂಕಿನ ಕಾವಲಿನಲ್ಲಿ. ನೀರು ನುಗ್ಗಿದ ಮೇಲೆ ಗ್ರೀನ್‌ವಿಲ್‌ನಲ್ಲಿ ಬಿಳಿಯರನ್ನು ದೋಣಿ ಹತ್ತಿಸಿ ಕಳುಹಿಸಿದರು. ಕಪ್ಪು ಕುಟುಂಬಗಳನ್ನು ಏರಿಯ ಮೇಲಿನ ಶಿಬಿರಗಳಲ್ಲೇ ಉಳಿಸಿಕೊಂಡರು. ಹೋದವರು ತಿರುಗಿ ಬರದಿದ್ದರೆ ಹತ್ತಿ ಬಿಡಿಸುವವರು ಯಾರು ಎಂಬುದು ಜಮೀನ್ದಾರರ ಚಿಂತೆ.

ಈ ಹಿನ್ನೆಲೆ ಗೊತ್ತಿಲ್ಲದೆ 1929ರ ಮುದ್ರಣ ಕೇಳಿದರೆ ಕಾಲು ತಾಳ ಹಾಕುತ್ತದೆ. ಗಿಟಾರ್ ಅಷ್ಟು ಹಗುರ. ಇಂಗ್ಲೆಂಡಿನ ರಾಕ್ ತಂಡ ಲೆಡ್ ಜೆಪ್ಪೆಲಿನ್ 1971ರ ತನ್ನ ನಾಲ್ಕನೆಯ ಆಲ್ಬಮ್ಮಿನ ಕೊನೆಗೆ ಇದನ್ನೇ ಇಟ್ಟಿತು. ಅಲ್ಲಿ ಜಾನ್ ಬಾನಮ್‌ನ ಡ್ರಮ್ಮೇ ಪ್ರವಾಹ. ‘ಎ ಪರ್ಫೆಕ್ಟ್ ಸರ್ಕಲ್’ ಆ ಡ್ರಮ್ಮಿನ ಗೋಜಿಗೇ ಹೋಗದೆ ಹಾಡನ್ನು ತೀರಾ ತಗ್ಗಿಸಿತು; ನೀರು ಬಂದು ನಿಂತ ಮೇಲಿನ ಊರಿನಂತೆ ಕೇಳುತ್ತದೆ. ಅದು ಬಂದ ಮರುವರ್ಷ, 2005ರ ಆಗಸ್ಟಿನಲ್ಲಿ, ಕತ್ರಿನಾ ಚಂಡಮಾರುತಕ್ಕೆ ನ್ಯೂ ಆರ್ಲಿಯನ್ಸಿನ ಏರಿಗಳು ಒಡೆದವು.

ಮೂರು ಮುದ್ರಣಗಳನ್ನೂ ಒಂದರ ಪಕ್ಕ ಒಂದು ಇಟ್ಟು ಕೇಳಿದಾಗ ನಮಗೆ ಕಂಡ ಖಾಲಿ ಜಾಗ ಒಂದೇ. ಮೂರರಲ್ಲೂ ಮೂಟೆ ಹೊರುವವನ ಕೆಲಸದ ಸದ್ದಿಲ್ಲ. ಹಾಡಿನಲ್ಲಿ ಆ ಮನುಷ್ಯನಿದ್ದಾನೆ. ಅವನ ಸಲಿಕೆಯ ಸದ್ದು ಮಾತ್ರ ಎಲ್ಲೂ ಇಲ್ಲ. ನಾವು ಕಟ್ಟಬೇಕಾದದ್ದು ಅಲ್ಲಿಂದ ಎಂದು ಠರಾಯಿಸಿದೆವು.

ಗಾಯಕಿಗೆ ಒಂದು ಅನುಮಾನವಿತ್ತು: ಸಂಬಳ ಎಣಿಸುವ ನಾವು ನಾಲ್ವರು ಮಿಸಿಸಿಪ್ಪಿಯ ಬಿಟ್ಟಿ ದುಡಿಮೆಯನ್ನು ಹಾಡುವುದು ಎಷ್ಟು ಸರಿ? ಇದಕ್ಕೆ ಪೂರ್ತಿ ಉತ್ತರ ನನ್ನಲ್ಲಿಲ್ಲ. ಒಂದು ಷರತ್ತು ಹಾಕಿಕೊಂಡೆವು: ಅಲ್ಲಿನವರ ಉಚ್ಚಾರವನ್ನು ಅನುಕರಿಸಕೂಡದು. ಗಾಯಕಿ ತರಗತಿಯಲ್ಲಿ ಇಂಗ್ಲಿಷ್ ಹೇಗೆ ಆಡುತ್ತಾರೋ ಹಾಗೆಯೇ ಹಾಡಲಿ.

ಗಿಟಾರಿನ ಶ್ರುತಿ

‘ಇಮ್ಯಾಜಿನ್’ನಲ್ಲಿ ಕಲಿತ ವಿದ್ಯೆ ಇಲ್ಲಿ ನಡೆಯುವುದಿಲ್ಲ. ಬ್ಲೂಸಿನ ಗಾಂಧಾರ ಸಾಧಾರಣವೂ (ಮೈನರಿನದು) ಅಲ್ಲ, ಅಂತರವೂ (ಮೇಜರಿನದು) ಅಲ್ಲ. ಎರಡರ ನಡುವೆ ಓಲಾಡುತ್ತದೆ. ಗಮಕ ಗೊತ್ತಿರುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಮೇಜರ್ ಕಾರ್ಡ್ ಹಿಡಿದರೂ ಮೈನರ್ ಹಿಡಿದರೂ ಗಿಟಾರು ಆ ಓಲಾಟವನ್ನು ಗೂಟಕ್ಕೆ ಕಟ್ಟಿಬಿಡುತ್ತದೆ.

ಆದ್ದರಿಂದ ಗಿಟಾರಿನಿಂದ ಗಾಂಧಾರವನ್ನೇ ತೆಗೆದೆವು. ಬ್ಲೂಸಿನವರು ಬಳಸುವ ಓಪನ್ ಜಿ ಶ್ರುತಿಯಲ್ಲಿ ತಂತಿಗಳು ದಪ್ಪದಿಂದ ತೆಳುವಿಗೆ ಡಿ, ಜಿ, ಡಿ, ಜಿ, ಬಿ, ಡಿ. ಇದರಲ್ಲಿ ಬಿ ತಂತಿಯೇ ಗಾಂಧಾರ. ಅದನ್ನು ಒಂದು ಪೂರ್ಣ ಸ್ವರ ಇಳಿಸಿ ಎ ಮಾಡಿದರೆ ಉಳಿಯುವುದು ಷಡ್ಜ, ರಿಷಭ, ಪಂಚಮ ಮಾತ್ರ. ಆರೂ ತಂತಿಗಳನ್ನು ಒಟ್ಟಿಗೆ ಮೀಟಿದರೆ ರಿಷಭದ ಮುಳ್ಳೊಂದು ಚುಚ್ಚುತ್ತಿರುವ ತಂಬೂರಿಯಂತೆ ಕೇಳುತ್ತದೆ. ಈಗ ಗಾಂಧಾರ ಗಾಯಕಿಯದು. ಅವರು ಎಲ್ಲಿ ಬೇಕಾದರೂ ನಿಲ್ಲಿಸಬಹುದು, ಜಾರಿಸಬಹುದು.

ತಂತಿ ಇಳಿಸಿದಾಗ ಬಿಗಿ ಕಡಿಮೆಯಾಗಿ ಆ ತಂತಿ ಗಿಟಾರಿನ ಕತ್ತಿನ ಮೇಲಿನ ಫ್ರೆಟ್ಟಿಗೆ (ಲೋಹದ ಪಟ್ಟಿಗೆ) ತಾಗಿ ಬುರ್ ಎನ್ನತೊಡಗಿತು. ಒಂದು ಅಳತೆ ದಪ್ಪದ ತಂತಿ ಹಾಕಿದ ಮೇಲೆ ನಿಂತಿತು. ಬೇಸಿಗೂ ಇದೇ ನಿಯಮ: ತಂಗಿ ಹಾಡಿನುದ್ದಕ್ಕೂ ಷಡ್ಜ, ಪಂಚಮ ಬಿಟ್ಟು ಕದಲಬಾರದು. ಅವಳಿಗೆ ಬೇಸರವಾದದ್ದು ನಿಜ.

ಮೆಟ್ಟಿಲು

ಜೆಪ್ಪೆಲಿನ್ನಿನ ಆ ಡ್ರಮ್ ಸದ್ದು ಹುಟ್ಟಿದ್ದು ಇಂಗ್ಲೆಂಡಿನ ಹ್ಯಾಂಪ್‌ಶೈರಿನ ಹೆಡ್ಲಿ ಗ್ರೇಂಜ್ ಎಂಬ ಹಳೆಯ ಮನೆಯಲ್ಲಿ. ಡ್ರಮ್ಮುಗಳನ್ನು ಮೆಟ್ಟಿಲಿನ ಬುಡದ ಹಜಾರದಲ್ಲಿ ಇಟ್ಟು, ಎಂಜಿನಿಯರ್ ಆಂಡಿ ಜಾನ್ಸ್ ಮೇಲಿನಿಂದ ಎರಡು ಬೈಯರ್‌ಡೈನಮಿಕ್ ಎಂ160 ಮೈಕುಗಳನ್ನು ಇಳಿಬಿಟ್ಟ. ಹತ್ತಿರದ ಮೈಕು ಒಂದೂ ಇಲ್ಲ. ಬಂದ ಸದ್ದನ್ನು ಕಂಪ್ರೆಸರಿನಲ್ಲಿ (ಜೋರು, ಮೆಲು ಸದ್ದುಗಳ ಅಂತರ ಕುಗ್ಗಿಸುವ ಯಂತ್ರ) ಚೆನ್ನಾಗಿ ಹಿಂಡಿ, ಬಿನ್ಸನ್ ಎಕೋರೆಕ್ ಎಂಬ ಪ್ರತಿಧ್ವನಿ ಯಂತ್ರಕ್ಕೂ ಕೊಟ್ಟ. ಈ ಕಥೆ ಧ್ವನಿಮುದ್ರಣ ಮಾಡುವವರಿಗೆಲ್ಲ ಬಾಯಿಪಾಠ. ಹೆಚ್ಚು ಜನ ಹೇಳದ ಸಂಗತಿ ಇನ್ನೊಂದಿದೆ: ಆ ಮನೆ 1795ರಲ್ಲಿ ಕಟ್ಟಿದ ಬಡವರ ದುಡಿಮೆಮನೆ. 1830ರಲ್ಲಿ ಹೊಟ್ಟೆಗಿಲ್ಲದ ಕೃಷಿಕೂಲಿಗಳು ದಂಗೆಯೆದ್ದಾಗ ಅದರ ಮೇಲೂ ದಾಳಿ ಮಾಡಿದ್ದರು. ಪ್ರತಿಭಟನೆಯ ಹಾಡಿಗೆ ಇದಕ್ಕಿಂತ ತಕ್ಕ ಹಜಾರ ಯಾವುದಿದ್ದೀತು?

ನಮ್ಮದು ಒಂದು ಮಹಡಿಯ ಮನೆ. ಮೆಟ್ಟಿಲಿಗೆ ಕಪ್ಪು ಗ್ರಾನೈಟ್, ಗೋಡೆಗೆ ನುಣುಪಾದ ಬಣ್ಣ, ನಡುವೆ ತಿರುವಿನಲ್ಲೊಂದು ಚೌಕ. ಬುಡದಲ್ಲಿ ನಿಂತು ಚಪ್ಪಾಳೆ ತಟ್ಟಿದರೆ ಟರ್‌ರ್ ಎಂದು ಹಲ್ಲಿ ಲೊಚಗುಟ್ಟಿದಂತೆ ಸದ್ದು ಬರುತ್ತಿತ್ತು. ಎದುರುಬದುರು ಗೋಡೆಗಳ ನಡುವೆ ಸದ್ದು ಪುಟಿಯುವುದರ ಲಕ್ಷಣ ಅದು. ಒಂದು ಗೋಡೆಗೆ ಮಾತ್ರ ದಪ್ಪ ಜಮಖಾನ ಇಳಿಬಿಟ್ಟಾಗ ಆ ಟರ್‌ರ್ ಹೋಯಿತು, ಉದ್ದನೆಯ ಅನುರಣನ ಉಳಿಯಿತು. ಎರಡೂ ಗೋಡೆಗೆ ಹಾಕಿದರೆ ಸದ್ದು ಸತ್ತು ಹೋಗುತ್ತದೆ; ಆಗ ಮೆಟ್ಟಿಲು ಯಾಕೆ ಬೇಕು, ಮಲಗುವ ಕೋಣೆಯೇ ಸಾಕು. ಕೋಣೆಗಳ ಬಾಗಿಲು ಮುಚ್ಚಿದಷ್ಟೂ ಅನುರಣನ ಉದ್ದವಾಗುತ್ತದೆ, ಹಾಸಿಗೆ ದಿಂಬುಗಳು ಸದ್ದು ಕುಡಿಯುವುದು ತಪ್ಪುತ್ತದೆ.

ಕಂಡೆನ್ಸರ್ ಮೈಕುಗಳನ್ನು ತಿರುವಿನ ಚೌಕದಿಂದ ಬಟ್ಟೆ ಒಣಹಾಕುವ ಕೋಲಿಗೆ ಬಿಗಿದು ಕೆಳಮುಖವಾಗಿ ಚಾಚಿದೆವು. ಮುಖ್ಯವಾದದ್ದು ಅಳತೆ. ಕೋಲಿನಿಂದ ಬಾರಿಸುವ ಚಪ್ಪಟೆ ಸ್ನೇರ್ ಡ್ರಮ್ಮಿನ ನಡುಮಧ್ಯದಿಂದ ಎರಡೂ ಮೈಕಿಗೆ ದೂರ ಒಂದೇ ಇರಬೇಕು, ಇಲ್ಲದಿದ್ದರೆ ಒಂದರ ಅಲೆ ಇನ್ನೊಂದರ ಅಲೆಯನ್ನು ಅಲ್ಲಲ್ಲಿ ತಿಂದು ಸದ್ದು ಟೊಳ್ಳಾಗುತ್ತದೆ. ಟೇಪು ಹಿಡಿಯುವುದಕ್ಕಿಂತ ದಾರವೇ ಲೇಸು: ಒಂದು ತುದಿಯನ್ನು ಸ್ನೇರ್ ಮೇಲೆ ಒತ್ತಿ ಹಿಡಿದು, ಇನ್ನೊಂದು ತುದಿಯನ್ನು ಮೊದಲು ಒಂದು ಮೈಕಿಗೆ, ಆಮೇಲೆ ಮತ್ತೊಂದಕ್ಕೆ ತಾಗಿಸಿದರೆ ಆಯಿತು. ನಮ್ಮ ದಾರ 3.4 ಮೀಟರ್ ಬಂತು. ಸದ್ದು ಒಂದು ಮಿಲಿಸೆಕೆಂಡಿಗೆ ಹೆಚ್ಚುಕಡಿಮೆ 34 ಸೆಂಟಿಮೀಟರ್ ಹೋಗುತ್ತದೆ, ಅಂದರೆ ಪೆಟ್ಟು ಬಿದ್ದ 10 ಮಿಲಿಸೆಕೆಂಡಿನ ಮೇಲೆ ಮೈಕಿಗೆ ತಲುಪುತ್ತದೆ. ಹತ್ತಿರದ ಮೈಕು ಸೇರಿಸುವುದಾದರೆ ಈ ವ್ಯತ್ಯಾಸ ಸರಿಮಾಡಬೇಕಾಗುತ್ತದೆ. ನಾವು ಸೇರಿಸಲಿಲ್ಲ.

ಹತ್ತಿರದ ಮೈಕು ಇಲ್ಲವೆಂದರೆ ಕಾಲಿನಿಂದ ಬಾರಿಸುವ ದೊಡ್ಡ ಕಿಕ್ ಡ್ರಮ್ಮು ಸೊರಗುತ್ತದೆ ಎಂದು ಡ್ರಮ್ಮರ್ ಮೊದಲೇ ಹೇಳಿದ್ದ. ಹಾಗೆಯೇ ಆಯಿತು. ಅವನ ಕಿಕ್ಕಿನ ಮುಂಬದಿಯ ತೊಗಲಿನಲ್ಲಿ ಮೈಕು ತೂರಿಸಲು ತೂತಿತ್ತು, ಒಳಗೆ ದಿಂಬು ತುರುಕಿತ್ತು. ಅದೆಲ್ಲ ಹತ್ತಿರದಿಂದ ಮುದ್ರಿಸುವವರ ಏರ್ಪಾಡು. ದಿಂಬು ತೆಗೆದು, ತೂತಿಲ್ಲದ ತೊಗಲು ಹಾಕಿ, ಎರಡೂ ಬದಿಯನ್ನು ಸ್ವಲ್ಪ ಬಿಗಿ ಮಾಡಿದಾಗ ‘ಧಪ್’ ಎನ್ನುತ್ತಿದ್ದುದು ‘ಧೋಂ’ ಎಂದಿತು. ಮೇಲಿನ ಮೈಕಿಗೆ ಸಿಂಬಲ್ಲುಗಳು (ಲೋಹದ ತಟ್ಟೆಗಳು) ಜೋರಾಗಿ ಕೇಳುತ್ತವೆ, ಅದಕ್ಕೆ ಮದ್ದು ಯಂತ್ರದಲ್ಲಿಲ್ಲ, ನುಡಿಸುವವನ ಕೈಯಲ್ಲಿದೆ: ಡ್ರಮ್ಮಿಗೆ ಜೋರು, ಸಿಂಬಲ್ಲಿಗೆ ಮೆಲ್ಲಗೆ. ಅಭ್ಯಾಸವಿಲ್ಲದ ಕೈಗೆ ಇದು ಸುಲಭವಲ್ಲ. 24 ಬಿಟ್ಟಿನಲ್ಲಿ ಮುದ್ರಿಸುವಾಗ ಸದ್ದಿನ ಶಿಖರಗಳು ಮೈನಸ್ 12 ಡೆಸಿಬೆಲ್ ಸುತ್ತ, ಅಂದರೆ ಗರಿಷ್ಠ ಮಿತಿಗಿಂತ ಅಷ್ಟು ಕೆಳಗೆ, ಇರುವಂತೆ ಇಟ್ಟುಕೊಂಡರೆ ಯಾರಾದರೂ ಹುರುಪಿಗೆ ಬಿದ್ದು ಬಾರಿಸಿದರೂ ಸದ್ದು ಒಡೆಯುವುದಿಲ್ಲ.

ಮನೆಯಲ್ಲಿ ಮುದ್ರಣ ಎಂದ ಮೇಲೆ ಕುಕ್ಕರ್ ಸೀಟಿ, ತರಕಾರಿ ಗಾಡಿಯ ಕೂಗು, ಮಹಡಿಯ ಮೇಲಿನಿಂದ “ಇನ್ನೂ ಎಷ್ಟು ಹೊತ್ತೋ?” ಎಂಬ ಅಮ್ಮನ ದನಿ ಎಲ್ಲವೂ ಬಂದವು. ಮಧ್ಯಾಹ್ನ ಎರಡರಿಂದ ನಾಲ್ಕರ ನಡುವೆ ಬೀದಿ ಮಲಗಿರುತ್ತದೆ, ಆದರೆ ಅಮ್ಮನೂ ಮಲಗಿರುತ್ತಾರೆ. ಹನ್ನೊಂದು ಗಂಟೆಗೆ ಒಪ್ಪಂದವಾಯಿತು.

ಸಲಿಕೆ, ಬಾಂಡ್ಲಿ, ಹಾರೆ

ಪಕ್ಕದ ನಿವೇಶನದಲ್ಲಿ ಮನೆ ಕಟ್ಟುತ್ತಿದ್ದರು. ಮೇಸ್ತ್ರಿಯವರನ್ನು ಕೇಳಿ ಊಟದ ಬಿಡುವಿನಲ್ಲಿ ಒಂದು ಸಲಿಕೆ, ಒಂದು ಬಾಂಡ್ಲಿ, ಒಂದು ಹಾರೆ ತೆಗೆದುಕೊಂಡೆವು. “ಏನು ಸಾರ್, ಹಾರೆಯಲ್ಲಿಯೂ ಸಂಗೀತ ಬರುತ್ತದೆಯೇ?” ಎಂದರು. ಆಮೇಲೆ ತಾವೇ ಸಲಿಕೆ ಹಿಡಿದು, ನನ್ನ ಕೈಯಲ್ಲಿ ಅದು ಸರಿಯಾಗಿ ಕೂರುತ್ತಿಲ್ಲವೆಂದು, ಮರಳು ಎತ್ತಿ ಸುರಿಯುವುದನ್ನು ಮಾಡಿ ತೋರಿಸಿದರು. ಹಾಡಿನಲ್ಲಿರುವ ಸಲಿಕೆಯ ಸದ್ದು ಅವರದೇ.

ಅಲ್ಲಿದ್ದುದು ಎಂ-ಸ್ಯಾಂಡ್. ಕಲ್ಲು ಪುಡಿಮಾಡಿದ ಮರಳಾದ್ದರಿಂದ ಹರಳು ಮೊನಚು. ಸಲಿಕೆ ನುಗ್ಗಿದಾಗ ಚರ್‌ರ್ ಎಂದು ಕಿವಿ ಕೊರೆಯುತ್ತದೆ. ಡೈನಮಿಕ್ ಮೈಕನ್ನು ಒಂದು ಮೊಳ ದೂರದಲ್ಲಿ, ಸಲಿಕೆಯ ಅಲಗಿಗೆ ನೇರವಾಗಿ ಅಲ್ಲದೆ ಓರೆಯಾಗಿ ಹಿಡಿದಾಗ ಚುಚ್ಚುವುದು ಕಡಿಮೆಯಾಯಿತು. ಮರಳು ತುಂಬಿದ ಸಿಮೆಂಟ್ ಚೀಲವನ್ನು ಸೊಂಟದ ಎತ್ತರದಿಂದ ನೆಲಕ್ಕೆ ಹಾಕಿದ ಸದ್ದು ಎಲ್ಲಕ್ಕಿಂತ ಉಪಯೋಗಕ್ಕೆ ಬಂತು. ಮೆಟ್ಟಿಲಿನ ಕಿಕ್ಕಿನ ಅಡಿಗೆ ಅದನ್ನು ಇಟ್ಟ ಮೇಲೆ ಡ್ರಮ್ಮರನ ದೂರು ನಿಂತಿತು. ಸಾಲಿನ ಮೊದಲ ಮಾತ್ರೆಗೆ ಚೀಲ ಬೀಳುತ್ತದೆ, ಮೂರನೆಯದಕ್ಕೆ ಸಲಿಕೆ ನುಗ್ಗುತ್ತದೆ, ನಾಲ್ಕನೆಯದಕ್ಕೆ ಮರಳು ಸುರಿಯುತ್ತದೆ. ಎರಡನೆಯ ಮಾತ್ರೆ ಖಾಲಿ, ಆಳು ಬಗ್ಗುವ ಹೊತ್ತು.

ಹಾರೆಯನ್ನು ಕೈಯಲ್ಲಿ ಹಿಡಿದು ಬಡಿದರೆ ಟಕ್ ಎಂದು ಸಾಯುತ್ತದೆ. ಕಂಪಿಸುವ ಸರಳಿನಲ್ಲಿ ಅಲುಗದೆ ನಿಲ್ಲುವ ಬಿಂದುಗಳು ಎರಡು ತುದಿಗಳಿಂದಲೂ ಉದ್ದದ ಶೇಕಡಾ 22ರಷ್ಟು ಒಳಗಿರುತ್ತವೆ. ಅಲ್ಲಿ ಹಗ್ಗ ಕಟ್ಟಿ ತೂಗುಬಿಟ್ಟರೆ ದೇವಸ್ಥಾನದ ಗಂಟೆಯಷ್ಟು ಹೊತ್ತು ಮೊರೆಯುತ್ತದೆ. ಶ್ರುತಿಗೆ ಮಾತ್ರ ಕೂಡುವುದಿಲ್ಲ. ತಂತಿಯ ಮೇಲ್ಸ್ವರಗಳು (ಮೂಲ ಸ್ವರದ ಜೊತೆಗೇ ಹುಟ್ಟುವ ಮೇಲಿನ ಸ್ವರಗಳು) ಎರಡರಷ್ಟು, ಮೂರರಷ್ಟು ಎಂದು ಲೆಕ್ಕಬದ್ಧವಾಗಿ ಬಂದರೆ ಸರಳಿನವು ಸುಮಾರು 2.76, 5.4 ಪಟ್ಟು ಎಂದು ಅಡ್ಡಾದಿಡ್ಡಿ ಬರುತ್ತವೆ. ಅದನ್ನು ತಿದ್ದುವ ತಂತ್ರಾಂಶಗಳಿವೆ. ನಾವು ಮುಟ್ಟಲಿಲ್ಲ.

ನಿಧಾನ ಮಾಡಿದ್ದು

ಜೆಪ್ಪೆಲಿನ್ ಈ ಹಾಡಿನ ಟೇಪನ್ನು ನಿಧಾನಗೊಳಿಸಿತ್ತು. ನಾವು ತಂತ್ರಾಂಶದಲ್ಲಿ ಅದನ್ನೇ ಮಾಡಿದೆವು: ಡ್ರಮ್ಮು, ಗಿಟಾರು, ಬೇಸು ಮೂರನ್ನೂ ನಿಮಿಷಕ್ಕೆ 80 ಮಾತ್ರೆಯ ವೇಗದಲ್ಲಿ ನುಡಿಸಿ, ರೀಪರಿನಲ್ಲಿ ವೇಗವನ್ನು 0.891ಕ್ಕೆ ಇಳಿಸಿ, ಶ್ರುತಿ ಕಾಯ್ದುಕೊಳ್ಳುವ ಆಯ್ಕೆಯನ್ನು ತೆಗೆದುಹಾಕಿದೆವು. ವೇಗ 71ಕ್ಕೆ ಬರುತ್ತದೆ, ಶ್ರುತಿ ಸರಿಯಾಗಿ ಎರಡು ಅರ್ಧಸ್ವರ ಕುಸಿದು ಜಿ ಇದ್ದದ್ದು ಎಫ್ ಆಗುತ್ತದೆ. ಸ್ನೇರಿಗೆ ಹೊಟ್ಟೆ ಬರುತ್ತದೆ. ಅನುರಣನವೂ ಶೇಕಡಾ 12ರಷ್ಟು ಉದ್ದವಾಗುವುದರಿಂದ ನಮ್ಮ ಮೆಟ್ಟಿಲು ಖರ್ಚಿಲ್ಲದೆ ಬೆಳೆಯಿತು. ಒಂದು ಟೇಕಿನ ಕೊನೆಯಲ್ಲಿ ಸಿಕ್ಕಿಬಿದ್ದ ಕುಕ್ಕರ್ ಸೀಟಿಯೂ ಎರಡು ಅರ್ಧಸ್ವರ ಇಳಿದು ಹಡಗಿನ ಕೂಗಿನಂತಾಯಿತು. ಇಟ್ಟುಕೊಳ್ಳೋಣ ಎಂದು ತಂಗಿ ಹಟ ಹಿಡಿದಳು, ಕೂಡದು ಎಂದೆ.

ಗಿಟಾರಿನಲ್ಲಿ ಹಮ್, ಅಂದರೆ ವಿದ್ಯುತ್ತಿನಿಂದ ಬರುವ ಗುಂಯ್ ಎಂಬ ಸದ್ದು, ಇತ್ತು. ನಮ್ಮ ವಿದ್ಯುತ್ತಿನ ಆವರ್ತನ 50 ಹರ್ಟ್ಸ್, ಅದರ ಜೊತೆಗೆ 100, 150. ಲ್ಯಾಪ್‌ಟಾಪಿನ ಚಾರ್ಜರ್ ಕಿತ್ತಾಗ ಅರ್ಧ ಹೋಯಿತು, ಗಿಟಾರ್ ಹಿಡಿದವನು ಕುರ್ಚಿಯನ್ನು ಕಾಲು ಸುತ್ತು ತಿರುಗಿಸಿ ಕೂತಾಗ ಇನ್ನಷ್ಟು ಹೋಯಿತು. ಉಳಿದದ್ದಕ್ಕೆ ಸೋಸುವ ಫಿಲ್ಟರ್. ಇಲ್ಲಿ ಎಚ್ಚರ ಬೇಕು: ವೇಗ ಇಳಿಸಿದ ಮೇಲೆ ಹಮ್ ಕೂಡ 44.5 ಹರ್ಟ್ಸಿಗೆ ಇಳಿದಿರುತ್ತದೆ, 50ರಲ್ಲಿ ಹುಡುಕಿದರೆ ಸಿಗದು. ಇಳಿಸುವ ಮೊದಲೇ ಸೋಸುವುದು ಜಾಣತನ.

ಸಲಿಕೆ, ಚೀಲ, ಹಾರೆಗಳನ್ನು ನಿಧಾನ ಮಾಡಲಿಲ್ಲ. ಡ್ರಮ್ಮು, ಗಿಟಾರುಗಳೆಲ್ಲ ದೊಡ್ಡದಾಗಿ, ಭಾರವಾಗಿ ಮಸುಕಾದ ಮೇಲೆ ಅವುಗಳ ನಡುವೆ ನಿಜವಾದ ಅಳತೆಯಲ್ಲಿ ಇರುವುದು ಆ ಕೆಲಸದ ಸದ್ದು ಮತ್ತು ದನಿ ಮಾತ್ರ.

ಕಂಪ್ರೆಸರ್ ವಿಷಯಕ್ಕೆ ಹೆಚ್ಚು ಹೇಳುವುದಿಲ್ಲ. ಮೆಟ್ಟಿಲಿನ ಟ್ರ್ಯಾಕಿನ ನಕಲು ಮಾಡಿ, ಒಂದನ್ನು ಹಾಗೆಯೇ ಬಿಟ್ಟು, ಇನ್ನೊಂದನ್ನು ಎಂಟಕ್ಕೆ ಒಂದರಂತೆ ಹಿಂಡಿ, ಮುಂದಿನ ಪೆಟ್ಟು ಬೀಳುವುದರೊಳಗೆ ಅದು ಉಸಿರು ಬಿಡುವಂತೆ ಇಟ್ಟು, ಎರಡನ್ನೂ ಬೆರೆಸಿದೆವು. ಪ್ರತಿಧ್ವನಿಯನ್ನು 421 ಮಿಲಿಸೆಕೆಂಡಿಗೆ, ಅಂದರೆ 71ರ ವೇಗದ ಅರ್ಧ ಮಾತ್ರೆಗೆ ಹೊಂದಿಸಿ ಕೇಳಿಯೂ ಕೇಳದಷ್ಟು ತಗ್ಗಿಸಿದೆವು.

ದನಿ

ಗಾಯಕಿ ಮೆಟ್ಟಿಲ ಬುಡದಲ್ಲಿ ಹಾಡಲು ಒಪ್ಪಲಿಲ್ಲ, ಒಪ್ಪದಿದ್ದುದು ಒಳ್ಳೆಯದೇ ಆಯಿತು. ಬಟ್ಟೆಯ ಬೀರುವಿನ ಬಾಗಿಲು ತೆರೆದು, ಸೀರೆಗಳ ಸಾಲಿಗೆ ಮುಖ ಮಾಡಿ ನಿಂತು, ಡೈನಮಿಕ್ ಮೈಕನ್ನು ಬಾಯಿಗೆ ನಾಲ್ಕು ಬೆರಳು ದೂರದಲ್ಲಿ ಇಟ್ಟುಕೊಂಡು ಹಾಡಿದರು. ಅನುರಣನ ಇಲ್ಲವೇ ಇಲ್ಲ. ಡ್ರಮ್ಮು ದೂರದ ಬಯಲಿನಲ್ಲಿದ್ದಂತೆ, ದನಿ ಕಿವಿಯ ಪಕ್ಕದಲ್ಲಿದ್ದಂತೆ ಕೇಳುತ್ತದೆ. ಗಾಂಧಾರವನ್ನು ಅವರು ಪ್ರತಿ ಚರಣದಲ್ಲೂ ಸ್ವಲ್ಪ ಸ್ವಲ್ಪ ಕೆಳಗೆ ತಂದು, ಕೊನೆಯ ಚರಣದಲ್ಲಿ ಪೂರ್ತಿ ಸಾಧಾರಣದ ಮೇಲೆ ನಿಲ್ಲಿಸಿದರು. ಹಾಗೆ ಮಾಡಿ ಎಂದು ಯಾರೂ ಹೇಳಿರಲಿಲ್ಲ. ಗಿಟಾರಿನಲ್ಲಿ ಆ ಸ್ವರ ಇದ್ದಿದ್ದರೆ ಈ ಇಳಿತಕ್ಕೆ ಜಾಗವೇ ಇರುತ್ತಿರಲಿಲ್ಲ.

ಇದನ್ನು ಮಾರುವ ಯೋಚನೆ ಇರುವವರಿಗೆ ಒಂದು ಮಾತು. ನಮ್ಮ ಕೃತಿಸ್ವಾಮ್ಯ ಕಾಯ್ದೆಯ 31ಸಿ ಕಲಮಿನಲ್ಲಿ ಕವರ್ ಹಾಡಿಗೆ ಕಾನೂನಿನ ಪರವಾನಗಿಯ ದಾರಿ ಇದೆ: ಮೂಲ ಮುದ್ರಣವಾದ ವರ್ಷ ಮುಗಿದು ಐದು ವರ್ಷ ಕಳೆದಿರಬೇಕು, ಮುಂಚಿತವಾಗಿ ನೋಟಿಸ್ ಕೊಡಬೇಕು, ವರ್ಷಕ್ಕೆ ಕನಿಷ್ಠ 50,000 ಪ್ರತಿಗಳ ರಾಯಲ್ಟಿ ಕಟ್ಟಬೇಕು. ಅದೆಲ್ಲ ಸರಿ, ಆದರೆ ತಾಂತ್ರಿಕವಾಗಿ ಅನಿವಾರ್ಯವಲ್ಲದ ಯಾವ ಬದಲಾವಣೆಯನ್ನೂ ಒಡೆಯರ ಒಪ್ಪಿಗೆ ಇಲ್ಲದೆ ಹೊಸದಾಗಿ ಮಾಡುವಂತಿಲ್ಲ ಎಂದೂ ಅದೇ ಕಲಮು ಹೇಳುತ್ತದೆ. ಶಂಕರಾಭರಣವನ್ನು ನಠಭೈರವಿ ಮಾಡುವುದು ತಾಂತ್ರಿಕ ಅನಿವಾರ್ಯತೆ ಎಂದು ಯಾವ ವಕೀಲರೂ ವಾದಿಸಲಾರರು. ಹಾಗಾಗಿ ಇದ್ದಂತೆ ನಕಲು ಮಾಡುವವರಿಗೆ ದಾರಿ ಸಲೀಸು. ಬಿಚ್ಚಿ ಕಟ್ಟುವವರು ಒಡೆಯರ ಬಾಗಿಲು ತಟ್ಟಲೇಬೇಕು. ನಮ್ಮ ಮುದ್ರಣ ಮನೆ ದಾಟುವುದಿಲ್ಲವಾದ್ದರಿಂದ ಆ ತಂಟೆಗೆ ಹೋಗಲಿಲ್ಲ.

ಬೆರೆಸಿದ್ದನ್ನು ಮೊದಲು ಹೆಡ್‌ಫೋನಿನಲ್ಲಿ, ಆಮೇಲೆ ಮೊಬೈಲಿನ ಪುಟ್ಟ ಸ್ಪೀಕರಿನಲ್ಲಿ ಕೇಳಿದೆವು. ಮೊಬೈಲಿನಲ್ಲಿ ಸಿಮೆಂಟ್ ಚೀಲ ಕೇಳಿಸಲೇ ಇಲ್ಲ, ಅಷ್ಟು ತಗ್ಗಿನ ಸ್ವರ ಅದರಲ್ಲಿ ಬರುವುದಿಲ್ಲ. ಚೀಲದ ಸದ್ದಿಗೆ ಸ್ವಲ್ಪ ಡಿಸ್ಟಾರ್ಶನ್ (ಸದ್ದನ್ನು ಒರಟಾಗಿಸುವುದು) ಕೊಟ್ಟು ಮೇಲ್ಸ್ವರ ಹುಟ್ಟಿಸಿದ ಮೇಲೆ ಬಂತು. ಎರಡು ಚಾನೆಲ್ಲನ್ನು ಒಂದಾಗಿ ಸೇರಿಸಿ (ಮೋನೋ ಮಾಡಿ) ಕೇಳಿದಾಗಲೂ ಮೆಟ್ಟಿಲಿನ ಡ್ರಮ್ಮು ಟೊಳ್ಳಾಗಲಿಲ್ಲ. ದಾರದ ಅಳತೆ ಕೆಲಸ ಮಾಡಿತ್ತು.

ಕೊನೆಯ ಚರಣದಲ್ಲಿ ಡ್ರಮ್ಮು, ಗಿಟಾರು, ಬೇಸು ಎಲ್ಲವನ್ನೂ ನಿಲ್ಲಿಸಿ ಸಲಿಕೆ, ಹಾರೆ ಮತ್ತು ದನಿಯನ್ನಷ್ಟೇ ಉಳಿಸಿದ್ದೇವೆ. ಅಲ್ಲಿ ದನಿ ಎರಡು ಡೆಸಿಬೆಲ್ ಏರುತ್ತದೆ. ತನ್ನ ಅತ್ಯುತ್ತಮ ಪೆಟ್ಟುಗಳೆಲ್ಲ ಇರುವುದು ಅದೇ ಚರಣದಲ್ಲಿ ಎಂದು ಡ್ರಮ್ಮರ್ ಇನ್ನೂ ವಾದಿಸುತ್ತಿದ್ದಾನೆ. ಕೇಳಿ ನೋಡಿದರೆ ಅವನ ಮಾತೂ ನಿಜವೇ. ಡ್ರಮ್ಮಿರುವ ಪ್ರತಿಯನ್ನು ಬೇರೆ ಹೆಸರಿನಲ್ಲಿ ಅವನಿಗೆ ಕೊಟ್ಟಿದ್ದೇನೆ.